ದೇವಿಯ ಬಲಗೈ

"ಮೊದಲು ಆ ಹೆಂಗಸಿಗೆ ಕೈ ತೆಗೆಯೋಕೆ ಹೇಳಿ," ಎಂದರು ಅರ್ಚಕರು, ಹೊಸ್ತಿಲಲ್ಲೇ ನಿಂತು.

ಆ ಹೆಂಗಸು ಕೈ ತೆಗೆಯಲಿಲ್ಲ. ತೆಗೆಯುವಂತೆಯೂ ಇರಲಿಲ್ಲ. ಅವಳ ಎಡಗೈ ಕಲ್ಲಿನ ದೇವಿಯ ಮೊಣಕೈಗೆ ಆಸರೆಯಾಗಿತ್ತು, ಬಲಗೈಯಲ್ಲಿ ಹತ್ತಿ ಸುತ್ತಿದ ಕಡ್ಡಿಯಿತ್ತು. ವಸ್ತುಸಂಗ್ರಹಾಲಯದ ಹಿಂಭಾಗದ ಈ ದುರಸ್ತಿ ಕೋಣೆಯಲ್ಲಿ ಅವಳು ಇಪ್ಪತ್ತೆರಡು ವರ್ಷಗಳಿಂದ ಒಡೆದದ್ದನ್ನು ಕೂಡಿಸುತ್ತ ಬಂದವಳು. ಅಲ್ಲಿದ್ದವರ ಬಾಯಲ್ಲಿ 'ಕಲ್ಲು ಡಾಕ್ಟ್ರಮ್ಮ'. ಗುಡಿಯ ಹಾಳುಬಾವಿಯ ಹೂಳಿನಲ್ಲಿ ಮೂರು ತುಂಡಾಗಿ ಸಿಕ್ಕ ಈ ದೇವಿಯನ್ನು ಹನ್ನೊಂದು ತಿಂಗಳು ತೊಳೆದು, ಒರೆಸಿ, ಮೂಗುತಿಯ ಸಂದಿಯ ಕೆಸರನ್ನು ಸೂಜಿಯಿಂದ ಬಿಡಿಸಿ ಎಬ್ಬಿಸಿ ನಿಲ್ಲಿಸಿದ್ದಳು. ಕೆಲಸ ಮಾಡುತ್ತ ಮಾಡುತ್ತ ತನ್ನ ಮಂಡಿನೋವು, ಸೊಸೆಯ ಮುನಿಸು, ಯಾರಿಗೂ ಹೇಳದ ಇನ್ನೂ ಎರಡು ಮೂರು ಸಂಗತಿಗಳನ್ನು ದೇವಿಯ ಕಿವಿಗೆ ಹಾಕಿದ್ದಳು. ಗಾಜಿನ ಪೆಟ್ಟಿಗೆಯಲ್ಲಿ ನಿಲ್ಲಬೇಕಿದ್ದ ಮೂರ್ತಿ. ನಿನ್ನೆ ಇದ್ದಕ್ಕಿದ್ದಂತೆ ಆದೇಶ ಬಂದಿತ್ತು: ಗುಡಿಗೇ ಒಪ್ಪಿಸಿ.

"ಸ್ವಾಮಿ, ಒಂದೇ ಮಾತು," ಎಂದಳು. "ಬಲಗೈ ಮುರಿದು ಬೇರೆಯಾಗಿತ್ತು. ಸಣ್ಣ ಕೈ, ಒಳಗೆ ಕಂಬಿ ಕೂರಿಸೋಕೆ ಹೋದ್ರೆ ಸೀಳಿಬಿಡುತ್ತೆ. ಬರೀ ಅಂಟಿನ ಮೇಲೆ ನಿಂತಿದೆ. ಗಾಜಿನೊಳಗೆ ಇರ್ತಾಳೆ ಅಂತ ಹಾಕಿದ ಅಂಟು ಇದು, ನೀರು ತಾಗಿದ್ರೆ ಕರಗುತ್ತೆ. ಒಂದು ವಾರ ಕೊಡಿ, ಬಿಡಿಸಿ ಬೇರೆ ಅಂಟು ಹಾಕಿಕೊಡ್ತೀನಿ."

ಅರ್ಚಕರು ಅವಳ ಕಡೆ ತಿರುಗಲಿಲ್ಲ. ಕಡತ ಹಿಡಿದು ನಿಂತಿದ್ದ ಮೇಲಧಿಕಾರಿಯನ್ನು ಕೇಳಿದರು: "ಇಷ್ಟು ದಿನ ಈಕೆಯೇ ಮುಟ್ಟಿದ್ದಾ? ಆ ದಿನಗಳಲ್ಲೂ?"

ಮೇಲಧಿಕಾರಿ ಕಡತದೊಳಗೆ ತಲೆ ತೂರಿಸಿದ. ಅವನ ನಿವೃತ್ತಿಗೆ ಇನ್ನು ನಾಲ್ಕೇ ತಿಂಗಳಿತ್ತು.

"ನನಗೆ ಆ ದಿನಗಳು ಮುಗಿದು ಆರು ವರ್ಷ ಆಯ್ತು ಸ್ವಾಮಿ," ಎಂದಳು ಅವಳೇ. "ದೇವಿಗೆ ಹೇಗೋ, ನಾನು ಕೇಳಿಲ್ಲ."

ಅರ್ಚಕರು ಕೆಂಡವಾದರು. "ಸಾವಿರಾರು ವರ್ಷದ ಸಂಪ್ರದಾಯ ಇದು! ಈ ದೇವಿಯನ್ನ ಹೆಣ್ಣೊಬ್ಬಳು ಮುಟ್ಟಿದ್ದು ಚರಿತ್ರೆಯಲ್ಲೇ ಇಲ್ಲ."

ಶತಮಾನಗಟ್ಟಲೆ ಬಾವಿಯೊಳಗೆ ಬಿದ್ದಿದ್ದವಳನ್ನು ಗಂಡಸರೂ ಮುಟ್ಟಿರಲಿಲ್ಲ ಎಂಬುದು ಅವರಿಗೆ ನೆನಪಾದಂತಿರಲಿಲ್ಲ. ಅವಳು ಪೀಠದ ಹಿಂಬದಿಗೆ ದೀಪ ತಿರುಗಿಸಿದಳು. ಮಣ್ಣು ಕೆರೆದಾಗ ಅಲ್ಲಿ ಎರಡು ಸಾಲಿನ ಬರಹ ಎದ್ದಿತ್ತು; ಹಳೆಯ ಲಿಪಿ ಬಲ್ಲವರು ಓದಿ ಹೇಳಿದ್ದನ್ನು ಬಾಯಿಪಾಠದಂತೆ ಒಪ್ಪಿಸಿದಳು: "ಈ ತಾಯಿಯನ್ನು ನಿತ್ಯ ಮೀಯಿಸುವ ಹಕ್ಕು ಕುಂಬಾರನ ಹೆಂಡತಿಗೂ ಅವಳ ಹೆಣ್ಣುಮಕ್ಕಳಿಗೂ ಸೇರಿದ್ದು."

ಅರ್ಚಕರು ಬಗ್ಗಿ ನೋಡಿದರು. ಕನ್ನಡಕ ಹಾಕಿಕೊಂಡು ನೋಡಿದರು, ತೆಗೆದು ನೋಡಿದರು.

"ಅದು ಆಗಿನ ಕಾಲದ್ದು," ಎಂದರು ಕೊನೆಗೆ.

"ಹಾಗಾದ್ರೆ ನೀವು ಹೇಳ್ತಿರೋದು ಯಾವಾಗಿನದು?"

ಅರ್ಚಕರು ಮತ್ತೆ ಮೇಲಧಿಕಾರಿಯತ್ತ ತಿರುಗಿದರು. "ಪೀಠಕ್ಕೆ ಬೆಳ್ಳಿ ಕವಚ ಮಾಡಿಸ್ತೀವಿ. ಸುತ್ತಲೂ. ಹಿಂಬದಿಗೂ." ಅಲ್ಲೇ ಹೆಗಲ ಮೇಲಿನ ಶಾಲು ತೆಗೆದು, ಅದರ ಅಂಚಿನಿಂದ ಪೀಠದ ಅಳತೆ ತೆಗೆದುಕೊಂಡು, ಮರೆಯದಿರಲೆಂದು ಒಂದು ಗಂಟು ಹಾಕಿದರು. ಸಾವಿರಾರು ವರ್ಷದ ಸಂಪ್ರದಾಯ ಹುಟ್ಟುವುದಕ್ಕೆ ಇಷ್ಟೇ ಹೊತ್ತು ಸಾಕು ಎಂದು ಅವಳಿಗೆ ಗೊತ್ತಾದದ್ದು ಆಗಲೇ.

ಮೂರ್ತಿ ವ್ಯಾನು ಹತ್ತಿತು. ಅವಳು ಅಂಗಳದವರೆಗೂ ಹಿಂದೆಯೇ ಓಡಿದಳು. "ನೀರು ಮಾತ್ರ ಹಾಕಬೇಡಿ ಸ್ವಾಮಿ, ದಮ್ಮಯ್ಯ!"

"ನೀನು ಮುಟ್ಟಿದ್ದಕ್ಕೇ ಕಣಮ್ಮ ನೂರೆಂಟು ಕೊಡ ಹಾಕಬೇಕಾಗಿರೋದು," ಎಂದು ಅರ್ಚಕರು ವ್ಯಾನಿನ ಬಾಗಿಲೆಳೆದುಕೊಂಡರು.

ಕೋಣೆಗೆ ಮರಳಿದಾಗ ಮೇಜು ಬೋಳಾಗಿತ್ತು. ಅವಳ ಎಡಗೈ ಮಾತ್ರ ಇನ್ನೂ ಯಾರದೋ ಮೊಣಕೈಯನ್ನು ಹಿಡಿದಂತೆ ಬಾಗಿಯೇ ಇತ್ತು.

ಮೂರನೆಯ ದಿನ ಬೆಳಗ್ಗೆ, ಅವಳು ಒಡೆದ ಹೂಜಿಯೊಂದರ ಚೂರು ಹೊಂದಿಸುತ್ತ ಕೂತಿದ್ದಾಗ ಫೋನು ಬಂತು.

"ಅಮ್ಮಾ, ನಾನು... ಗುಡಿಯಿಂದ."

"ನೂರೆಂಟೂ ಆಯ್ತಾ ಸ್ವಾಮಿ?"

"ಎಪ್ಪತ್ತನೆಯದಕ್ಕೇ..." ಅರ್ಚಕರ ದನಿ ಪಿಸುಮಾತಿಗಿಳಿಯಿತು. "ಕೈ ಕಳಚಿ ಬಂದ್ಬಿಡ್ತು ತಾಯಿ. ನಾಡಿದ್ದು ಭಕ್ತರಿಗೆ ಬಾಗಿಲು ತೆಗೀಬೇಕು. ಭಿನ್ನವಾದ ಮೂರ್ತಿ ನಿಲ್ಲಿಸಿದ್ದೀವಿ ಅಂದ್ರೆ ಜನ ಮುಖಕ್ಕೆ ಉಗೀತಾರೆ. ತಾವು ಒಂದು ಗಳಿಗೆ ಬಂದು ಹೋಗಬೇಕು."

ಮೊನ್ನೆಯ ಹೆಂಗಸು ಮೂರೇ ದಿನದಲ್ಲಿ ತಾಯಿಯಾಗಿದ್ದಳು. ನೀನು ಹೋಗಿ ತಾವು ಬಂದಿತ್ತು.

"ನಾನು ಮುಟ್ಟಬಹುದಾ?"

"ಆಪತ್ಕಾಲಕ್ಕೆ ಶಾಸ್ತ್ರದಲ್ಲೇ ದಾರಿ ಇದೆಯಮ್ಮ. ಹಿಂಬಾಗಿಲಿಂದ ಬಂದುಬಿಡಿ. ತೆರೆ ಎಳೆದಿರ್ತೀವಿ. ಒಂದು ನರಪಿಳ್ಳೆಗೂ ಗೊತ್ತಾಗೋದು ಬೇಡ."

ಅವಳ ಕೈ ತನಗರಿವಿಲ್ಲದೆಯೇ ಅಂಟಿನ ಡಬ್ಬಿಯನ್ನು ಹತ್ತಿರಕ್ಕೆಳೆದುಕೊಂಡಿತ್ತು. ಅಷ್ಟು ದಿನ ತನ್ನ ಮಾತು ಕೇಳಿಸಿಕೊಂಡವಳ ಮೇಲೆ ಅವಳಿಗೇನೂ ಸಿಟ್ಟಿರಲಿಲ್ಲ.

"ದೇವಿಗೂ ಗೊತ್ತಾಗದ ಹಾಗಾ ಸ್ವಾಮಿ?" ಎಂದು ಕೇಳಿದಳು.

ಫೋನಿನ ಆ ಕಡೆ ಕಲ್ಲಿನಿಂದ ನೀರು ತೊಟ್ಟಿಕ್ಕುವ ಸದ್ದು ಮಾತ್ರ ಕೇಳುತ್ತಿತ್ತು.