ವಾಗೀಶನ ತಲೆಯಲ್ಲಿ ಟವೆಲ್ ಇಲ್ಲ

ನನ್ನದು ದಾವಣಗೆರೆಯಲ್ಲಿ ತಲೆ ರಿಪೇರಿ ಅಂಗಡಿ. ಅವತ್ತು ಬೆಳಿಗ್ಗೆ ತನುಜಾ ಎಂಬುವಳು ತನ್ನ ಗಂಡ ವಾಗೀಶನನ್ನು ತಂದು ಕುರ್ಚಿಯಲ್ಲಿ ಕೂರಿಸಿದಳು.

"ಬೇರೆ ಮನೆ ಮಾಡಿ ವಾರ ಆತು ಮೇಡಂ. ಟವೆಲ್ ಹುಡುಕೋಕೆ ಬರಲ್ಲ, ಅನ್ನಕ್ಕೆ ಇಡೋಕೆ ಬರಲ್ಲ. ಏನ್ ಕೇಳಿದ್ರೂ 'ಲೈಬ್ರರಿ ಸಿಗ್ತಿಲ್ಲ' ಅಂತಾರೆ."

ಅವನ ಕಿವಿಯ ಹಿಂದೆ ವೈರು ಚುಚ್ಚಿದೆ. ಕಂಪ್ಯೂಟರ್ ಪರದೆಯ ತುಂಬ ದೋಷ ತೋರಿಸುವ ಕೆಂಪು ಸಾಲುಗಳು. ಇಂಥ ಗಂಡಸರನ್ನು ದಿನಕ್ಕೆ ಮೂವರನ್ನಾದರೂ ನೋಡುತ್ತೇನೆ. ಲೈಬ್ರರಿ ಅಂದರೆ ಒಂದೊಂದು ಕೆಲಸವನ್ನು ಹೇಗೆ ಮಾಡಬೇಕೆಂದು ಬರೆದಿಟ್ಟ ಕಡತ; ಮನೆಗೆಲಸದ ಒಂದು ಲೈಬ್ರರಿಯೂ ಅವನ ತಲೆಯಲ್ಲಿ ಇರಲಿಲ್ಲ. ಎಲ್ಲದಕ್ಕೂ ಕೊಟ್ಟಿದ್ದ ವಿಳಾಸ ಅವನ ತಾಯಿಯ ತಲೆ. ಮನೆ ಬದಲಾಯಿತು, ಸಂಪರ್ಕ ತಪ್ಪಿತು.

"ಎಲ್ಲಾನೂ ಅಮ್ಮನಿಂದ ನಿಮ್ಮ ತಲೆಗೇ ಕಾಪಿ ಮಾಡಿದ್ರೆ ಆರು ತಾಸು," ಎಂದೆ. "ಬರೀ ವಿಳಾಸ ಬದಲಿಸಿದ್ರೆ ಒಂದೇ ನಿಮಿಷ."

"ಹೆಂಡ್ತಿ ವಿಳಾಸ ಹಾಕ್ಬಿಡ್ರಿ," ಎಂದ ವಾಗೀಶ, ಒಂದು ಕ್ಷಣವೂ ಯೋಚಿಸದೆ.

ಹಾಕಿದೆ. "ಈಗ ಟವೆಲ್ ಎಲ್ಲೈತೆ ಹೇಳ್ರಿ ನೋಡೋಣ."

ಅವನು ಕಣ್ಣು ಮುಚ್ಚಿ ತೆರೆದ. "'ಪ್ರವೇಶವಿಲ್ಲ' ಅಂತ ಬರ್ತೈತಲ್ರಿ!"

ತನುಜಾ ಬ್ಯಾಗಿನಿಂದ ಕಾದಂಬರಿ ತೆಗೆದು ಬೆಂಚಿನ ಮೇಲೆ ಕುಳಿತಳು.

"ಬೆಳಿಗ್ಗೇನೇ ನನ್ನ ತಲೆ ಲಾಕ್ ಮಾಡ್ಕೊಂಡು ಬಂದೀನಿ. ಕಾಪಿನೇ ಮಾಡ್ರಿ ಮೇಡಂ. 'ನಾ ಮಾಡಿದ ತಪ್ಪು ನೀ ಮಾಡಬ್ಯಾಡ' ಅಂತ ನಮ್ಮತ್ತೆನೇ ಹೇಳಿ ಕಳಿಸ್ಯಾರೆ."