ಪ್ರೇಮಿಗಳ ಬಂಡೆ

ಹಿಂಡುತ್ತಿದ್ದ ಹಾಸಿಗೆ ಬಟ್ಟೆಯನ್ನು ಹಾಗೇ ಬಕೆಟ್ಟಿಗೆ ಎಸೆದು ದೊಡ್ಡಮ್ಮ ಗುಡ್ಡ ಹತ್ತಿದಳು. ಕಣಿವೆಯ ಲಾಡ್ಜಿನಲ್ಲಿ ಬಟ್ಟೆ ಒಗೆಯುವವಳು ಅವಳು. ಹೊಸದಾಗಿ ಮದುವೆಯಾಗಿ ಬಂದಿದ್ದ ಹುಡುಗಿಯೊಬ್ಬಳು, ಪ್ರೇಮಿಗಳ ಬಂಡೆಗೆ ದಾರಿ ಯಾವುದು ಅಂತ ಆಗಷ್ಟೇ ಕೇಳಿದ್ದಳು. ಅಂಥದ್ದು ಇಲ್ಲಿಲ್ಲವಮ್ಮ ಅಂದರೆ, ಫೋನಿನಲ್ಲಿ ಫೋಟೋ ತೋರಿಸಿ ಬಣ್ಣಬಣ್ಣದ ಕಥೆ ಹೇಳಿದಳು. ಕುರಿ ಕಾಯುವವನ ಮೋಹಕ್ಕೆ ಬಿದ್ದ ಹೆಂಗಸೊಬ್ಬಳು ಗಂಡನನ್ನೂ ಮೊಲೆಹಾಲು ಕುಡಿಯುವ ಕೂಸನ್ನೂ ಬಿಟ್ಟು ಅಲ್ಲಿಂದ ಹಾರಿಕೊಂಡಳಂತೆ. ಹೋದ ವರ್ಷ ಬಂದಿದ್ದ ಗೆಳತಿಗೆ ಇಲ್ಲಿಯ ಗೈಡೇ ಹೇಳಿದ್ದಂತೆ. ಫೋಟೋದಲ್ಲಿದ್ದದ್ದು ದೊಡ್ಡಮ್ಮನ ತಂಗಿ ಜಾರಿ ಬಿದ್ದು ಸತ್ತ ಬಂಡೆ. ಊರಿಗೆ ಇರುವ ಗೈಡ್ ಒಬ್ಬನೇ. ಆ ತಂಗಿಯ ಮಗ, ದೊಡ್ಡಮ್ಮನೇ ಸಾಕಿ ದೊಡ್ಡವನನ್ನಾಗಿ ಮಾಡಿದವನು.

ಮೇಲೆ ಅವನು ಪ್ರವಾಸಿಗರ ಗುಂಪಿಗೆ ಕೈಚಾಚಿ ಕಣಿವೆ ತೋರಿಸುತ್ತಿದ್ದ. ಮೂರು ಕಡೆ ಗುಡ್ಡ. ರಸ್ತೆ ಆಗುವ ಮುಂಚೆ ಉಪ್ಪು ಹೊತ್ತ ಹೇಸರಗತ್ತೆಗಳು ಬರುತ್ತಿದ್ದದ್ದು ಈ ಕಾಲುದಾರಿಯಲ್ಲೇ. ಕೆಳಗೆ ಎರಡು ಹೊಳೆ ಕೂಡುವಲ್ಲಿರುವ ಕಲ್ಲಿನ ಸೇತುವೆ ಆ ಉಪ್ಪಿನ ವ್ಯಾಪಾರಿಗಳು ಕಟ್ಟಿಸಿದ್ದು. ಅಗೋ ಆ ಜಲಪಾತ, ಎಂಥ ಬೇಸಿಗೆಗೂ ಬತ್ತುವುದಿಲ್ಲ. ಒಂದಕ್ಷರ ತಪ್ಪಿಲ್ಲ. ಎಲ್ಲ ದೊಡ್ಡಮ್ಮನೇ ತುತ್ತು ತಿನ್ನಿಸುತ್ತ ಹೇಳಿಕೊಟ್ಟದ್ದು. ಬಂಡೆಯ ಹತ್ತಿರ ಬಂದದ್ದೇ ತಡ, ಮಹಾರಾಯನ ದನಿ ಜೇನಿನಲ್ಲಿ ಅದ್ದಿ ತೆಗೆದಂತಾಯಿತು. ಹಾರುವ ಮುಂಚೆ ಆ ಚೆಲುವೆ ಒಂದು ಸಲ ತಿರುಗಿ ನಕ್ಕಳಂತೆ. ಎಲುಬಿಲ್ಲದ ನಾಲಿಗೆ, ಹೇಗೆ ಬೇಕಾದರೂ ಹೊರಳುತ್ತದೆ.

ದೊಡ್ಡಮ್ಮನಿಗೆ ಮೈಯೆಲ್ಲ ಉರಿದುಹೋಯಿತು. ಜನರನ್ನು ಸರಿಸಿಕೊಂಡು ನುಗ್ಗಿ ಅವನ ಕೊರಳಪಟ್ಟಿ ಹಿಡಿದಳು. "ಯಾರೋ ನಕ್ಕಿದ್ದು? ನೀನು ನೋಡಿದ್ಯಾ?"

"ದೊಡ್ಡಮ್ಮ, ಮನೇಲಿ ಮಾತಾಡೋಣ," ಎಂದು ಅವನು ಪಿಸುಗುಟ್ಟಿದ. "ಹುಲ್ಲು ಕೊಯ್ಯೋಕೆ ಹೋದವಳು ಜಾರಿ ಬಿದ್ದಳು ಅಂದ್ರೆ ಅದನ್ನ ಕೇಳೋಕೆ ಯಾರು ಗುಡ್ಡ ಹತ್ತಿ ಬರ್ತಾರೆ, ಹೇಳು?"

"ಹುಲ್ಲೂ ಅಲ್ಲ, ಮಣ್ಣೂ ಅಲ್ಲ! ನಿನ್ನ ಜೀವಕ್ಕೆ ಭಾರ ಆಗಬಾರದು ಅಂತ ಹಾಗೆ ಹೇಳಿದ್ದೆ ಕಣೋ."

ಆಮೇಲೆ ಅವಳು ಅಷ್ಟೂ ಜನರೆದುರು ಹೇಳಿಬಿಟ್ಟಳು. ಆ ವರ್ಷ ಗುಡ್ಡ ಕುಸಿದು ರಸ್ತೆ ಮುಚ್ಚಿತ್ತು. ಇವನು ಜ್ವರದಲ್ಲಿ ಕೆಂಡವಾಗಿದ್ದ. ಯಾರೂ ಹೊರಗೆ ಕಾಲಿಡದ ಮಳೆಯಲ್ಲಿ ಅವನಮ್ಮ ಇದೇ ಕಾಲುದಾರಿ ಹತ್ತಿ, ಗುಡ್ಡದಾಚೆಯ ಡಾಕ್ಟರ ಹತ್ತಿರ ಔಷಧ ತೆಗೆದುಕೊಂಡಳು. ವಾಪಸು ಬರುವಾಗ ಇಲ್ಲಿ ಕಾಲು ಜಾರಿತು. ಹೆಣ ಎತ್ತಿದಾಗ ಸೀಸೆಯನ್ನು ಎದೆಗವಚಿಕೊಂಡೇ ಇದ್ದಳು. ಸೀಸೆ ಒಡೆದಿರಲಿಲ್ಲ. "ಆ ಔಷಧ ಕುಡಿದೇ ನೀನು ಬದುಕಿದ್ದು," ಎಂದಳು ದೊಡ್ಡಮ್ಮ. "ಅಂಥವಳನ್ನ ಓಡಿಹೋಗೋ ಹೆಂಗಸು ಮಾಡಿದ್ಯಲ್ಲೋ, ಪಾಪಿ."

ಗುಂಪಿನಲ್ಲಿ ಯಾರೋ ಕಣ್ಣೊರೆಸಿಕೊಂಡರು. ಗೈಡ್ ತಲೆ ತಗ್ಗಿಸಿ ಗುಂಪನ್ನು ಇಳಿಸಿಕೊಂಡು ಹೋದ. ಹುಡುಗನಿಗೆ ಬುದ್ಧಿ ಬಂತು, ಸತ್ತವಳ ಹೆಸರಿಗೆ ಹತ್ತಿದ ಕೆಸರು ತೊಳೆದುಹೋಯಿತು ಅಂದುಕೊಂಡಳು ದೊಡ್ಡಮ್ಮ. ಹಾಗಂದುಕೊಂಡು ಕೆಲವು ದಿನ ನೆಮ್ಮದಿಯಾಗಿ ಉಂಡಳು, ಮಲಗಿದಳು.

ಮುಂದಿನ ವಾರ ಅವನು ಒಗೆಯುವ ಕಲ್ಲಿನ ಹತ್ತಿರವೇ ಬಂದು ಕುಕ್ಕರಗಾಲಿನಲ್ಲಿ ಕೂತ. ಮುಖದಲ್ಲಿ ಹಿಡಿಸಲಾರದ ಖುಷಿ. ಬಂಡೆಯ ಹತ್ತಿರ ‘ಪ್ರೇಮಿಗಳ ಬಂಡೆ’ ಅಂತ ತಾನೇ ಹಾಕಿಸಿದ್ದ ಬೋರ್ಡು ಅಳಿಸಿ ‘ತಾಯಿಯ ಬಂಡೆ’ ಅಂತ ಬರೆಸಿದ್ದಾನಂತೆ. ಪ್ರವಾಸಿಗರನ್ನು ಕರೆತರುವ ಜೀಪಿನಲ್ಲಿ ಕಾಲಿಡಲು ಜಾಗವಿಲ್ಲವಂತೆ. ಮುಂಚೆ ಜನ ಫೋಟೋ ಹೊಡೆದುಕೊಂಡು ಹೊರಟುಬಿಡುತ್ತಿದ್ದರು. ಈಗ ಬಂಡೆ ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಾರಂತೆ. ಅಂಥದ್ದೇ ಒಂದು ಹಳೇ ಸೀಸೆಯನ್ನೂ ಹುಡುಕಿ ಇಟ್ಟುಕೊಂಡಿದ್ದಾನೆ, ಕಥೆ ಹೇಳುತ್ತ ತೋರಿಸಲಿಕ್ಕೆ.

"ನಾಳೆಯಿಂದ ನೀನೇ ಬಂದು ಹೇಳು, ದೊಡ್ಡಮ್ಮ. ಈ ಬಟ್ಟೆ ಒಗೆಯೋ ಕರ್ಮ ಯಾಕೆ? ಅವತ್ತು ನನ್ನ ಕೊರಳಪಟ್ಟಿ ಹಿಡಿದ್ಯಲ್ಲ, ಅದನ್ನೂ ಹಾಗೇ ಮಾಡು. ನಾನು ಹೇಳಿದ್ರೇ ಜನ ಬಿಕ್ಕಿಬಿಕ್ಕಿ ಅಳ್ತಾರೆ. ಇನ್ನು ನೀನು ಹೇಳಿದ್ರೆ ಕೇಳ್ಬೇಕಾ?"

ದೊಡ್ಡಮ್ಮ ಕೈಯಲ್ಲಿದ್ದ ಬಟ್ಟೆಯನ್ನು ಕಲ್ಲಿನ ಮೇಲೆ ಬಿಟ್ಟು ಎದ್ದು ನಿಂತಳು. ಕೆನ್ನೆಗೆ ಬಾರಿಸಬೇಕೆನಿಸಿತು, ಕೈ ಮೇಲೇಳಲಿಲ್ಲ. ತಂಗಿಯದೇ ಕಣ್ಣು, ತಂಗಿಯದೇ ಹುಬ್ಬು ಆ ಮುಖದಲ್ಲಿ. ಅದನ್ನೇ ನೋಡುತ್ತ ಕೇಳಿದಳು:

"ಬಂದೋರೆಲ್ಲ ಅಳ್ತಾರೆ ಅಂದ್ಯಲ್ಲ, ನಿನ್ನ ಕಣ್ಣಲ್ಲಿ ಒಂದು ಹನಿಯಾದ್ರೂ ಬಂತೇನೋ?"