ಗರುಡನ ರೆಕ್ಕೆ

ಲೋಬಾನದ ಹೊಗೆ ಕಂಡರೆ ಎಲ್ಲರೂ ಕೈಮುಗಿಯುತ್ತಾರೆ. ನಾನು ಇಂದಿಗೂ ಮೂಗು ಮುಚ್ಚಿಕೊಳ್ಳುತ್ತೇನೆ.

ನಾನು ಚಿಕ್ಕವಳಿದ್ದಾಗ ನಮ್ಮೂರು ಶಲವಡಿಯಲ್ಲಿ ದೊಡ್ಡಾಟ ಕಲಿಸುತ್ತಿದ್ದವರು ನಮ್ಮಜ್ಜ. ಆ ವರ್ಷ, ತಾಯಿಯನ್ನು ದಾಸ್ಯದಿಂದ ಬಿಡಿಸಲು ಅಮೃತ ತರುವ ಗರುಡನ ಆಟ. "ರಟ್ಟಿನ ರೆಕ್ಕಿ ಕಟ್ಟಿದ್ರ ಅಂವ ಗರುಡ ಅಲ್ಲ, ಕೋಳಿ ಆಗ್ತಾನ," ಎನ್ನುತ್ತಿದ್ದರು ಅಜ್ಜ. ಹೀಗಾಗಿ ಒಂದು ಮಧ್ಯಾಹ್ನ, ಊರ ಹೊರಗೆ ಸತ್ತ ದನ ಸುಲಿಯುವ ದುರಗಪ್ಪ ಸತ್ತ ರಣಹದ್ದಿನ ಎರಡು ರೆಕ್ಕೆಗಳನ್ನು ಗೋಣಿಚೀಲದಲ್ಲಿ ತಂದು ನಮ್ಮ ಕಟ್ಟೆಯ ಕೆಳಗಿಟ್ಟ.

ಚೀಲ ಬಿಚ್ಚಿದೊಡನೆ ನಾತ ಗಂಟಲಿಗಿಳಿಯಿತು. ಗರಿಗಳ ಬುಡದಲ್ಲಿ ಜಿಡ್ಡು, ಕಪ್ಪಾದ ರಕ್ತ, ಹರಿದಾಡುವ ಹೇನು. ನಾನು ಮೂಗು ಮುಚ್ಚಿಕೊಂಡೆ.

"ದೇವರ ರೆಕ್ಕಿಗೆ ಮೂಗ ಮುಚ್ಚತೀಯೇನಬೇ?" ಎಂದು ಅಜ್ಜಿ ಗದರಿ, ನೀರು ಚಿಮುಕಿಸಿ ಲೋಬಾನ ಹಾಕಿದಳು. ನಾತ ಹೋಗಲಿಲ್ಲ, ಸಿಹಿಯಾಯಿತು, ಅಷ್ಟೆ.

ಅಜ್ಜ ರೆಕ್ಕೆಗಳನ್ನು ಮಣೆಯ ಮೇಲಿಟ್ಟು ಕುಂಕುಮ ಹಚ್ಚಿದರು. ದುರಗಪ್ಪ ಕೈ ಚಾಚಿ, "ಒಮ್ಮೆ ಮುಟ್ಟಿ ನಮಸ್ಕಾರ ಮಾಡತೀನ್ರಿ, ಯಪ್ಪಾ," ಎಂದ.

"ದೂರ ನಿಂದ್ರಲೇ! ಈಗ ಅವು ದೇವರಾಗ್ಯಾವ."

ದುರಗಪ್ಪ ಹಿಂದೆ ಸರಿದ. ಅಜ್ಜ ಭಕ್ತಿಯಿಂದ ಒಂದು ರೆಕ್ಕೆಯನ್ನೆತ್ತಿ ಎರಡೂ ಕಣ್ಣಿಗೆ ಒತ್ತಿಕೊಂಡರು. ಕೆಳಗಿಟ್ಟಾಗ ಅವರ ಹಣೆಯ ವಿಭೂತಿಯ ಮೇಲೆ ದಪ್ಪನೆಯ ಹೇನೊಂದು ಹುಬ್ಬಿನತ್ತ ಹರಿಯುತ್ತಿತ್ತು.

ದುರಗಪ್ಪ ಅದನ್ನು ನೋಡಿದ. ಆಮೇಲೆ ನನ್ನನ್ನು ನೋಡಿದ. ಇಬ್ಬರೂ ಕೈಮುಗಿದು ನಿಂತೆವು.